ಅಲಂಕಾರಿಕ ಮೀನುಗಳ ರೋಗಗಳು: ನಿವಾರಣೆ ಮತ್ತು ಚಿಕಿತ್ಸೆ

ಗಾಜಿನ ತೊಟ್ಟಿಯಲ್ಲಿ ಸಾಕುವ ಗಪ್ಪಿ, ಮೋಲಿ, ಗೋಲ್ಡ್‌ಫಿಶ್ ಮುಂತಾದ ಸಿಹಿನೀರಿನ ಮೀನುಗಳು ಮನೆಗೆ ತಂದ ಕೆಲವೇ ದಿನಗಳಲ್ಲಿ ಸಾಯುವುದುಂಟು. ಆಗ ಔಷಧಿಗಾಗಿ ಧಾವಿಸುವವರೇ ಹೆಚ್ಚು. ವಾಸ್ತವವಾಗಿ ಮೊದಲು ಪರೀಕ್ಷಿಸಬೇಕಾದುದು ತೊಟ್ಟಿಯ ನೀರನ್ನು.

ನೀರಿನ ಶುದ್ಧತೆ

ಕಲೂರ್ ಸೇರಿದಂತೆ ಕೊಚ್ಚಿ ನಗರಕ್ಕೆ ಪೆರಿಯಾರ್ ನದಿಯ ನೀರು ಆಲುವಾದಲ್ಲಿ ಶುದ್ಧೀಕರಣಗೊಂಡು ಕ್ಲೋರಿನ್ ಸಹಿತ ಬರುತ್ತದೆ. ಮನುಷ್ಯರನ್ನು ರೋಗಾಣುಗಳಿಂದ ಕಾಪಾಡುವ ಈ ಕ್ಲೋರಿನ್ ಮೀನಿನ ಕಿವಿರುಗಳಿಗೆ ಮಾರಕ. ಆದುದರಿಂದ ನಲ್ಲಿಯ ನೀರನ್ನು ಅಗಲ ಬಾಯಿಯ ಪಾತ್ರೆಯಲ್ಲಿ ಕನಿಷ್ಠ 24 ಗಂಟೆ ತೆರೆದಿಟ್ಟು ಬಳಸಬೇಕು. ಬ್ಲೀಚಿಂಗ್ ಪುಡಿ ಹಾಕಿದ ಬಾವಿಯ ನೀರನ್ನು ಕೆಲವು ದಿನ ತೊಟ್ಟಿಗೆ ಬಳಸಬಾರದು.

ಮೀನಿನ ತ್ಯಾಜ್ಯ ಹಾಗೂ ಉಳಿದ ಆಹಾರದಿಂದ ಅಮೋನಿಯಾ ಉಂಟಾಗುತ್ತದೆ. ಇದನ್ನು ನಿರುಪದ್ರವಗೊಳಿಸುವ ಬ್ಯಾಕ್ಟೀರಿಯಾಗಳು ಹೊಸ ತೊಟ್ಟಿಯಲ್ಲಿ ನೆಲೆಗೊಳ್ಳಲು ಸುಮಾರು 4ರಿಂದ 6 ವಾರ ಬೇಕು. ಅಲ್ಲಿಯವರೆಗೆ ಮೀನುಗಳ ಸಂಖ್ಯೆ ಕಡಿಮೆಯಿರಲಿ. ವಾರಕ್ಕೊಮ್ಮೆ ನಾಲ್ಕನೆಯ ಒಂದು ಭಾಗದಷ್ಟು ನೀರನ್ನು ಬದಲಿಸಿದರೆ ಸಾಕು. ಸೋಸುವ ಸ್ಪಂಜನ್ನು ತೆಗೆದ ಹಳೆಯ ನೀರಿನಲ್ಲಿಯೇ ತೊಳೆಯಬೇಕು. ನಲ್ಲಿಯ ನೀರಿನಲ್ಲಿ ತೊಳೆದರೆ ಉಪಕಾರಿ ಬ್ಯಾಕ್ಟೀರಿಯಾಗಳು ನಾಶವಾಗುತ್ತವೆ.

ಬಿಳಿ ಚುಕ್ಕೆ ರೋಗ

ಮೈ ಮೇಲೆ ಉಪ್ಪಿನ ಹರಳಿನಂಥ ಚುಕ್ಕೆಗಳು ಕಂಡುಬಂದರೆ, ಮೀನು ಕಲ್ಲಿಗೆ ಮೈಯುಜ್ಜಿಕೊಂಡರೆ ಇದನ್ನು ಶಂಕಿಸಬೇಕು. ಇದಕ್ಕೆ ಕಾರಣ ಏಕಕೋಶ ಪರೋಪಜೀವಿ. ಅದು ಚರ್ಮದೊಳಗೆ ಬೆಳೆದು, ಕಳಚಿ ತಳಕ್ಕಿಳಿದು, ಅಲ್ಲಿ ನೂರಾರು ಮರಿಗಳಾಗಿ ಒಡೆಯುತ್ತದೆ. ಔಷಧಿ ತಾಗುವುದು ಹೀಗೆ ನೀರಿನಲ್ಲಿ ಈಜುವ ಮರಿಗಳಿಗೆ ಮಾತ್ರ. ಆದಕಾರಣ ಚುಕ್ಕೆ ಮಾಯವಾದೊಡನೆ ಚಿಕಿತ್ಸೆ ನಿಲ್ಲಿಸದೆ ಒಟ್ಟು ಹತ್ತು ದಿನವಾದರೂ ಮುಂದುವರಿಸಬೇಕು. ಲೀಟರಿಗೆ 1ರಿಂದ 2 ಗ್ರಾಂ ಅಯೋಡಿನ್‌ರಹಿತ ಉಪ್ಪನ್ನು ಬೇರೆ ಪಾತ್ರೆಯಲ್ಲಿ ಕರಗಿಸಿ, ಹಂತ ಹಂತವಾಗಿ ಸೇರಿಸಬಹುದು. ಜಲಸಸ್ಯಗಳು ಮತ್ತು ಕೆಲವು ಮೀಸೆ ಮೀನುಗಳು ಉಪ್ಪನ್ನು ಸಹಿಸಲಾರವು.

ರೆಕ್ಕೆ ಕೊಳೆ ಮತ್ತು ಬೂಷ್ಟು

ರೆಕ್ಕೆಯ ಅಂಚು ಹರಿದು ಬಿಳಿಚಿದರೆ ಅದು ಬ್ಯಾಕ್ಟೀರಿಯಾ ಸೋಂಕು; ಹತ್ತಿಯಂಥ ಎಳೆ ಕಂಡರೆ ಬೂಷ್ಟು. ಇವು ಸಾಮಾನ್ಯವಾಗಿ ಗಾಯಗೊಂಡ ಅಥವಾ ಬಳಲಿದ ಮೀನಿಗೇ ತಗಲುತ್ತವೆ. ರೋಗ ನಿರ್ಣಯವಿಲ್ಲದೆ ಪ್ರತಿಜೀವಕ ಔಷಧಿ ಹಾಕುವುದು ಸಲ್ಲದು. ಹೊಸ ಮೀನನ್ನು 2ರಿಂದ 3 ವಾರ ಪ್ರತ್ಯೇಕ ತೊಟ್ಟಿಯಲ್ಲಿಡುವುದು ಉತ್ತಮ ನಿವಾರಣೋಪಾಯ.

ಹೊರಗಿನ ಜಲಮೂಲಗಳ ರಕ್ಷಣೆ

ಸತ್ತ ಮೀನನ್ನು ಸುಣ್ಣ ಹಾಕಿ ಹೂಳಬೇಕು. ರೋಗದ ತೊಟ್ಟಿಯ ನೀರನ್ನಾಗಲಿ, ಬೇಡವಾದ ಮೀನನ್ನಾಗಲಿ ಕಾಲುವೆ, ಕೆರೆ, ನದಿಗಳಿಗೆ ಬಿಡಬಾರದು. 2018ರ ಪ್ರವಾಹದ ವೇಳೆ ಸಾಕಣೆ ಕೊಳಗಳಿಂದ ತಪ್ಪಿಸಿಕೊಂಡ ವಿದೇಶಿ ಮೀನುಗಳು ಚಾಲಕ್ಕುಡಿ ನದಿಯನ್ನು ಸೇರಿದವು. ಪಶ್ಚಿಮ ಘಟ್ಟದ ನದಿಗಳು ಅಪರೂಪದ ಮೀನುಗಳ ತವರು. ಕಾಸರಗೋಡಿನ ಚಂದ್ರಗಿರಿ ನದಿಯಲ್ಲಿ ಅಳಿವಿನಂಚಿನ 'ಮಿಸ್ ಕೇರಳ' ಮೀನು ವಾಸಿಸುತ್ತದೆ. ಮನೆಯ ತೊಟ್ಟಿಯ ರೋಗಕ್ಕೆ ಮದ್ದು ಮಾಡಬಹುದು. ನದಿಗೆ ಹರಡಿದ ರೋಗಕ್ಕೆ ಮದ್ದು ಮಾಡುವುದು ಅಸಾಧ್ಯವೇ ಸರಿ.