ಪಡಸಾಲೆಗೆ ಎಂಥ ಟೈಲ್ಸ್?



ನಮ್ಮ ಅಕ್ಕಲಕೋಟ ಸೀಮೆಯ ಹಳೆಯ ಮನೆಗಳ ಪಡಸಾಲೆಯಲ್ಲಿ ಶಹಾಬಾದ್ ಪರಸಿ ಕಾಣುತ್ತೇವೆ. ಅದು ಕಲಬುರಗಿ ಜಿಲ್ಲೆಯ ಶಹಾಬಾದ್ ಕಡೆಯ ಸುಣ್ಣದ ಕಲ್ಲು. ಬೇಸಿಗೆಯಲ್ಲಿ ಕಾಲಿಗೆ ತಂಪು. ಈಗ ಹೊಸ ಮನೆ ಕಟ್ಟುವವರು ಟೈಲ್ಸ್ ಹಾಕಿಸುತ್ತಾರೆ. ಹಾಕಿಸಲಿ. ಆದರೆ ಕಣ್ಣಿಗೆ ಚಂದ ಕಂಡದ್ದನ್ನೇ ತರಬಾರದು. ಯಾಕೆ? ಕೇಳ್ರಿ.

ನಮ್ಮ ಕಲಿಕಾ ಕೇಂದ್ರಕ್ಕೆ ಬರುವ ಅಕ್ಕ ಒಬ್ಬರು ಕನ್ನಡಿಯಂತೆ ಹೊಳೆಯುವ ಟೈಲ್ಸ್ ಹಾಕಿಸಿದರು. ಮಳೆಗಾಲ ಬಂತು. ಅವರ ಅತ್ತೆ ಒದ್ದೆ ಕಾಲಿನಲ್ಲಿ ಒಳಗೆ ಬಂದು ಜಾರಿ ಬಿದ್ದರು. ಸೊಂಟದ ಎಲುಬು ಮುರಿಯಿತು. "ಟೈಲ್ಸಿಗಿಂತ ದವಾಖಾನಿಗೇ ಹೆಚ್ಚು ರೊಕ್ಕ ಹೋತ್ರಿ" ಎಂದು ಆ ಅಕ್ಕ ಹೇಳುತ್ತಾರೆ.

ಆದ್ದರಿಂದ ಈ ನಾಲ್ಕು ಮಾತು ನೆನಪಿಡಿ.

1. ಜಾರದ ಟೈಲ್ಸ್ ಆರಿಸಿ.
ಹೊಳಪು ಇಲ್ಲದ, ತುಸು ಒರಟಾದ ಟೈಲ್ಸ್ ಕೇಳಿ. ಅಂಗಡಿಯಲ್ಲಿ ಇದಕ್ಕೆ ಮ್ಯಾಟ್ ಎನ್ನುತ್ತಾರೆ. ಒಂದರ ಮೇಲೆ ನೀರು ಚಿಮುಕಿಸಿ, ಬೆರಳಿನಿಂದ ಉಜ್ಜಿ ನೋಡಿ. ಬೆರಳು ಜಾರಿದರೆ ಕಾಲೂ ಜಾರುತ್ತದೆ.

2. ಗೋಡೆಯ ಟೈಲ್ಸ್ ನೆಲಕ್ಕೆ ಬೇಡ.
ಅದು ಅಗ್ಗ, ನಿಜ. ಆದರೆ ಅದು ನೀರು ಹೀರುತ್ತದೆ, ಭಾರ ಬಿದ್ದರೆ ಒಡೆಯುತ್ತದೆ. ನೆಲಕ್ಕೆ ವಿಟ್ರಿಫೈಡ್ ಟೈಲ್ಸ್ ಗಟ್ಟಿ. ಅದು ನೀರು ಹೀರುವುದು ಬಹಳ ಕಡಿಮೆ.

3. ಮೊದಲು ಲೆಕ್ಕ ಮಾಡಿ.
ಪಡಸಾಲೆ 12 ಅಡಿ ಉದ್ದ, 10 ಅಡಿ ಅಗಲ ಎನ್ನಿ.
12 × 10 = 120 ಚದರ ಅಡಿ.
ಗೌಂಡಿ ಕತ್ತರಿಸುವಾಗ ಕೆಲವು ಹಾಳಾಗುತ್ತವೆ. ಅದಕ್ಕೆ ನೂರಕ್ಕೆ 10ರಂತೆ 12 ಅಡಿ ಸೇರಿಸಿ.
120 + 12 = 132 ಚದರ ಅಡಿ.
2 ಅಡಿ ಅಳತೆಯ 4 ಟೈಲ್ಸ್ ಇರುವ ಒಂದು ಪೆಟ್ಟಿಗೆ ಸುಮಾರು ಹದಿನೈದೂವರೆ ಚದರ ಅಡಿಗೆ ಸಾಲುತ್ತದೆ. 8 ಪೆಟ್ಟಿಗೆ ತಂದರೆ 124 ಅಡಿ ಮಾತ್ರ. ಸಾಲದು. 9 ಪೆಟ್ಟಿಗೆ ಬೇಕು. ಗೋಡೆಯ ಬುಡಕ್ಕೆ ಪಟ್ಟಿ ಹಾಕಿಸುವುದಾದರೆ ಅದರ ಲೆಕ್ಕ ಬೇರೆ.

4. ಪೆಟ್ಟಿಗೆ ಓದಿ, ಆಮೇಲೆ ಹಣ ಕೊಡಿ.
600 × 600 ಎಂದಿದ್ದರೆ ಅದು ಮಿಲಿಮೀಟರ್ ಅಳತೆ. ಅಂದರೆ ಸುಮಾರು 2 ಅಡಿ. ಬ್ಯಾಚ್ ಮತ್ತು ಶೇಡ್ ಎಂಬ ಗುರುತುಗಳೂ ಇರುತ್ತವೆ. ಎಲ್ಲ ಪೆಟ್ಟಿಗೆಗಳಲ್ಲೂ ಇವು ಒಂದೇ ಇರಬೇಕು. ಬೇರೆ ಬೇರೆ ಇದ್ದರೆ ನೆಲದ ಬಣ್ಣ ಹೊಂದದೆ ಹೋಗಬಹುದು. ಇಂಗ್ಲಿಷ್ ಬಾರದಿದ್ದರೆ ಅಂಜಬೇಡಿ. "ಬ್ಯಾಚ್ ಯಾವುದು, ಶೇಡ್ ಯಾವುದು, ತೋರಿಸ್ರಿ" ಎನ್ನಿ. ಅದನ್ನು ಚೀಟಿಯಲ್ಲಿ ಇದ್ದ ಹಾಗೇ ಬರೆದುಕೊಳ್ಳಿ. ಒಂದೊಂದೇ ಪೆಟ್ಟಿಗೆಗೆ ಹೋಲಿಸಿ ನೋಡಿ. ಪಕ್ಕಾ ಬಿಲ್ ಕೇಳಿ ಪಡೆಯಿರಿ.

ಇನ್ನೊಂದು ಮಾತು. ಮನೆಯ ಹಳೆ ಪರಸಿ ಗಟ್ಟಿ ಇದ್ದರೆ ಸುಮ್ಮನೆ ಕೀಳಿಸಬೇಡಿ. ಸಂದು ತುಂಬಿಸಿದರೆ ಇನ್ನೂ ಬಹಳ ವರ್ಷ ಬಾಳುತ್ತದೆ. ಆದರೆ ಆ್ಯಸಿಡ್ ಹಾಕಿ ತೊಳೆಯಬೇಡಿ. ಸುಣ್ಣದ ಕಲ್ಲನ್ನು ಆ್ಯಸಿಡ್ ತಿನ್ನುತ್ತದೆ.

ಅಭ್ಯಾಸ
ಅ) ನಿಮ್ಮ ಪಡಸಾಲೆಯ ಉದ್ದ, ಅಗಲ ಅಳೆದು ಬರೆಯಿರಿ. ಅದು ಎಷ್ಟು ಚದರ ಅಡಿ?
ಆ) ನೂರಕ್ಕೆ 10 ಸೇರಿಸಿ. ಈಗ ಎಷ್ಟಾಯಿತು?
ಇ) ನಿಮ್ಮ ಮನೆಯಲ್ಲಿ ಜಾರಿ ಬೀಳುವ ಭಯ ಯಾರಿಗೆ ಹೆಚ್ಚು? ಎರಡು ಸಾಲು ಬರೆಯಿರಿ.