‘ಪದ’ವೆಂಬ ಪದ

ನಮ್ಮ ಶಾಲೆಯ ಸುವರ್ಣ ಮಹೋತ್ಸವದ ಸ್ಮರಣ ಸಂಚಿಕೆಗೆ ಪಾಠರೂಪದ ಲೇಖನವೊಂದನ್ನು ಬರೆದುಕೊಡಬೇಕೆಂದು ಸಂಪಾದಕ ಮಂಡಳಿಯವರು ಕೇಳಿಕೊಂಡಾಗ, ಬಹುಕಾಲದಿಂದ ಮನಸ್ಸಿನಲ್ಲಿ ಉಳಿದಿರುವ ಋಣವೊಂದನ್ನು ತೀರಿಸಲು ಇದೇ ತಕ್ಕ ಸಮಯವೆಂದು ನನಗೆ ತೋರಿತು.

ನಾನು ಅಧ್ಯಾಪಕನಾಗಿ ಸೇರಿದ ಹೊಸತು. ಐದನೆಯ ತರಗತಿಯಲ್ಲಿ ವ್ಯಾಕರಣ ಪಾಠ ನಡೆದಿತ್ತು. “ಪದವೆಂದರೇನು?” ಎಂದು ಕೇಳಿದೆ. ಹಿಂದಿನ ಬೆಂಚಿನ ಹುಡುಗನೊಬ್ಬನು ಎದ್ದು ನಿಂತು, “ಭಾಗವತರು ಹೇಳುವುದು, ಮಾಷ್ಟ್ರೇ” ಎಂದನು. ತರಗತಿಯೆಲ್ಲ ಗೊಳ್ಳೆಂದು ನಕ್ಕಿತು. ನಾನೂ ನಕ್ಕೆ. “ರಾತ್ರಿ ಆಟ ನೋಡಿ ನಿದ್ದೆಗೆಟ್ಟು ಬಂದೆಯೇನೋ? ಕುಳಿತುಕೋ” ಎಂದೆ. ಆ ವರ್ಷವಿಡೀ ಅವನು ವ್ಯಾಕರಣದ ಪ್ರಶ್ನೆಗೆ ಮತ್ತೆ ಕೈ ಎತ್ತಲಿಲ್ಲ.

ಅವನ ಉತ್ತರ ತಪ್ಪಾಗಿತ್ತೇ? ಪರಿಶೀಲಿಸೋಣ.

ಸಂಸ್ಕೃತದಲ್ಲಿ ‘ಪದ’ವೆಂದರೆ ಹೆಜ್ಜೆ, ಪಾದ. ವಿವಾಹದಲ್ಲಿ ವಧೂವರರು ಇಡುವ ಏಳು ಹೆಜ್ಜೆಗಳು ಸಪ್ತಪದಿ. ಆರು ಕಾಲುಳ್ಳ ದುಂಬಿ ಷಟ್ಪದ. ಹೆಜ್ಜೆಯಿಂದ ಈ ಶಬ್ದವು ಕಾವ್ಯಕ್ಕೆ ನಡೆದು ಬಂದಿತು. ಮೂರು ಸಾಲುಗಳದು ತ್ರಿಪದಿ, ಆರು ಸಾಲುಗಳದು ಷಟ್ಪದಿ. ನಿಲ್ಲುವ ಸ್ಥಾನವೆಂಬ ಅರ್ಥದಿಂದ ಪದವಿ, ಪದಚ್ಯುತಿಗಳು ಹುಟ್ಟಿದವು.

ವೇದಾಧ್ಯಯನದಲ್ಲಿ ಸಂಧಿಗಳನ್ನು ಬಿಡಿಸಿ, ಒಂದೊಂದು ಶಬ್ದವನ್ನೂ ಬೇರೆಬೇರೆಯಾಗಿ ಹೇಳುವ ಕ್ರಮಕ್ಕೆ ಪದಪಾಠವೆಂದು ಹೆಸರು. ವ್ಯಾಕರಣದ ‘ಪದ’ವಾದರೋ ಪ್ರಕೃತಿಗೆ ಪ್ರತ್ಯಯ ಸೇರಿ ಸಿದ್ಧವಾದ ರೂಪ. ‘ಮರ’ ಪ್ರಕೃತಿ, ‘ಮರವನ್ನು’ ಪದ. ಅಂದು ನಾನು ನಿರೀಕ್ಷಿಸಿದ್ದ ಉತ್ತರ ಇದೊಂದೇ. ಆದರೆ ಅದೇ ಶಾಲೆಯ ಮೇಲಿನ ತರಗತಿಯಲ್ಲಿ, ಗಣಿತದ ಅಧ್ಯಾಪಕರು ಬಹುಪದೋಕ್ತಿಯ ಪದಗಳನ್ನು ಎಣಿಸಲು ಕಲಿಸುತ್ತಿದ್ದರು. ಅಲ್ಲಿ ಪ್ರತ್ಯಯದ ಮಾತೇ ಇಲ್ಲ!

ಇನ್ನು ಸಂಗೀತದ ‘ಪದ’ವನ್ನು ನೋಡೋಣ. ಪುರಂದರದಾಸರೇ ಮೊದಲಾದ ಹರಿದಾಸರ ರಚನೆಗಳನ್ನು ನಮ್ಮ ಜನರು ದಾಸರ ಪದಗಳೆಂದು ಕರೆದರು. ಶಿಶುನಾಳ ಶರೀಫರು ಹಾಡಿದ್ದು ತತ್ತ್ವಪದ. ಉತ್ತರ ಕರ್ನಾಟಕದ ಮೇಳದವರು ಹಾಡುವುದು ಗೀಗೀ ಪದ. ರಾಗಿ ಬೀಸುವ ತಾಯಂದಿರದು ಬೀಸುವ ಪದ. ಹದಿನೇಳನೆಯ ಶತಮಾನದ ಕ್ಷೇತ್ರಯ್ಯನು ತೆಲುಗಿನಲ್ಲಿ ರಚಿಸಿದ ಶೃಂಗಾರ ಪದಗಳಿಗೆ ಭರತನಾಟ್ಯದ ಕಲಾವಿದರು ಇಂದಿಗೂ ಅಭಿನಯಿಸುತ್ತಾರೆ. ತುಳುವಿನಲ್ಲಿ ಹಾಡಿಗೆ ‘ಪದ’ವೆಂದೇ ಹೆಸರು. ಮಲಯಾಳದ ಕಥಕಳಿ ಸಾಹಿತ್ಯದಲ್ಲಿ ಕಥೆಯನ್ನು ಮುನ್ನಡೆಸುವುದು ಶ್ಲೋಕ, ಪಾತ್ರಗಳ ಸಂವಾದ ಬರುವುದು ಪದದಲ್ಲಿ. ಗಾಯಕರು ಪದವನ್ನು ಹಾಡಿದಂತೆ ನಟನು ಮೌನವಾಗಿ ಹಸ್ತಮುದ್ರೆಗಳಿಂದ ಅದನ್ನು ತೋರಿಸುತ್ತಾನೆ.

ಕುಂಬಳೆಯ ಪಾರ್ತಿಸುಬ್ಬನ ನಾಡಿನವರಾದ ನಮಗೆ ಯಕ್ಷಗಾನದ ‘ಪದ’ವನ್ನು ವಿವರಿಸಬೇಕಾಗಿಲ್ಲ. ಆದರೂ ಒಂದು ಸ್ವಾರಸ್ಯವನ್ನು ಗಮನಿಸಬೇಕು. ತಾಳಮದ್ದಳೆಯಲ್ಲಿ ಭಾಗವತರು ಪದ ಹೇಳುತ್ತಾರೆ; ವೇಷವಿಲ್ಲದೆ ಕುಳಿತ ಕಲಾವಿದರು ಅದಕ್ಕೆ ಅರ್ಥ ಹೇಳುತ್ತಾರೆ. ನಮ್ಮವರೇ ಆದ ಶೇಣಿ ಗೋಪಾಲಕೃಷ್ಣ ಭಟ್ಟರಂತಹ (1918–2006) ಅರ್ಥಧಾರಿಗಳು ನಾಲ್ಕು ಸಾಲಿನ ಪದದಿಂದ ದೀರ್ಘವಾದ ವಾದವನ್ನೇ ಬೆಳೆಸಬಲ್ಲವರಾಗಿದ್ದರು. ನಿಘಂಟಿನಲ್ಲಿ ಪದಕ್ಕೆ ಅರ್ಥವನ್ನು ಹುಡುಕುತ್ತೇವೆ. ತಾಳಮದ್ದಳೆಯಲ್ಲಿ ಪದಕ್ಕೆ ಅರ್ಥವನ್ನು ಕಟ್ಟುತ್ತಾರೆ. ಇವೆರಡೂ ಸೇರಿದ ‘ಪದಾರ್ಥ’ವು ವೈಶೇಷಿಕ ದರ್ಶನದಲ್ಲಿ ದ್ರವ್ಯ, ಗುಣ ಮುಂತಾದ ತತ್ತ್ವಗಳ ಹೆಸರು, ನಮ್ಮೂರ ಅಡುಗೆಮನೆಯಲ್ಲಿ ಅನ್ನಕ್ಕೆ ಕಲಸಿಕೊಳ್ಳುವ ವ್ಯಂಜನ!

ಕೊನೆಯದಾಗಿ ಇನ್ನೊಂದು ‘ಪದ’ವಿದೆ. ಅದು ಸಂಸ್ಕೃತದಿಂದ ಬಂದುದಲ್ಲ, ನಮ್ಮದೇ ನುಡಿ. ಹಳಗನ್ನಡದ ಪಾಲು ಹಾಲಾದಂತೆ, ಪೂ ಹೂವಾದಂತೆ, ಆ ‘ಪದ’ವು ಇಂದು ‘ಹದ’ವಾಗಿದೆ. ಪಾಕದ ಹದ, ಮಣ್ಣಿನ ಹದ, ಮಾತಿನ ಹದ. ಒಂಬತ್ತನೆಯ ಶತಮಾನದ ಕವಿರಾಜಮಾರ್ಗವು ಕನ್ನಡ ನಾಡಿನ ಜನರನ್ನು ಕೊಂಡಾಡುವಾಗ, ಅವರು ಪದವನ್ನರಿತು ನುಡಿಯಬಲ್ಲವರು ಎನ್ನುತ್ತದೆ. ಅಲ್ಲಿಯ ಪದ ಈ ಹದವೇ. ಎಷ್ಟು ಶಬ್ದಗಳನ್ನು ಬಲ್ಲರೆಂಬುದಕ್ಕಿಂತ, ಯಾವ ಮಾತನ್ನು ಎಲ್ಲಿ ಹೇಗೆ ಆಡಬೇಕೆಂಬ ಅರಿವನ್ನು ಕವಿ ಮೆಚ್ಚಿದ್ದಾನೆ. ಅಂದು ತರಗತಿಯಲ್ಲಿ ಆ ಹದ ತಪ್ಪಿದವನು ಹುಡುಗನಲ್ಲ, ನಾನು.

ಬಹಳ ವರ್ಷಗಳ ಬಳಿಕ, ಶಾಲಾ ವಾರ್ಷಿಕೋತ್ಸವದಂದು ಹಳೆ ವಿದ್ಯಾರ್ಥಿಗಳು ತಾಳಮದ್ದಳೆಯನ್ನು ಏರ್ಪಡಿಸಿದ್ದರು. ಮದ್ದಳೆಗೆ ಕುಳಿತವನು ಅದೇ ಹುಡುಗ. ಕೂಟ ಮುಗಿದ ಮೇಲೆ ಅವನನ್ನು ಬಳಿಗೆ ಕರೆದು, “ಅಂದು ನೀನು ಹೇಳಿದ ಉತ್ತರ ಸರಿಯಾಗಿತ್ತಪ್ಪಾ” ಎಂದೆ. ಯಾವ ಉತ್ತರವೆಂದು ಅವನು ಕೇಳಲಿಲ್ಲ. “ಅಂದು ಸಂಜೆ ಅಜ್ಜನಿಗೆ ಹೇಳಿದ್ದೆ, ಮಾಷ್ಟ್ರೇ. ಅಜ್ಜ ನಕ್ಕು, ಮಾಷ್ಟ್ರು ಹೇಳಿದ್ದೇ ಸರಿಯಾಗಿರಬೇಕು, ನಮ್ಮದೆಲ್ಲ ಶಾಲೆಯ ಪದ ಅಲ್ಲ ಅಂದರು” ಎಂದನು. ಪುಸ್ತಕ ನೋಡದೆ ಪ್ರಸಂಗದ ಪದಗಳನ್ನು ಹೇಳಬಲ್ಲವರಾಗಿದ್ದ ಹಿರಿಯರು ಅವರು. ಆ ಮಾತು ನನ್ನನ್ನು ಇಂದಿಗೂ ಚುಚ್ಚುತ್ತದೆ.

1956ರ ನವೆಂಬರ್ 1ರಂದು ಕಾಸರಗೋಡು ಕೇರಳಕ್ಕೆ ಸೇರಿದಂದಿನಿಂದ, ಇಲ್ಲಿ ಕನ್ನಡ ಉಳಿಯುವುದು ಶಾಲೆಯಿಂದ ಎಂದು ನಾವು ಹೇಳುತ್ತ ಬಂದಿದ್ದೇವೆ. ಅದು ನಿಜ. ಆದರೆ ಶಾಲೆಗೆ ಬರುವ ಮುನ್ನವೇ ಮಗುವಿನ ಕಿವಿಯಲ್ಲಿ ಭಜನೆಯ ಪದ, ಆಟದ ಪದ, ಗದ್ದೆಯ ತುಳು ಪದ ತುಂಬಿರುತ್ತವೆ. ಪೇಟೆಯ ಮಲಯಾಳವೂ ಅದರೊಡನೆ ಸೇರುತ್ತದೆ. ಅವನ್ನು ಹೊರಗೆ ನಿಲ್ಲಿಸಿ ಬಾಗಿಲು ಹಾಕಿದರೆ, ಕನ್ನಡಕ್ಕೇ ಬಾಗಿಲು ಹಾಕಿದಂತೆ.

ಆದುದರಿಂದ ಇಂದು ಈ ಶಾಲೆಯಲ್ಲಿ ಪಾಠ ಹೇಳುತ್ತಿರುವ ಅಧ್ಯಾಪಕ ಬಂಧುಗಳಲ್ಲಿ ನನ್ನದೊಂದು ಬಿನ್ನಹ. ಮಗುವಿನ ಉತ್ತರ ಪುಸ್ತಕದಲ್ಲಿಲ್ಲವೆಂದು ಕಂಡರೆ ಕೆಂಪು ಗೆರೆ ಎಳೆಯುವ ಮೊದಲು, “ಇದನ್ನು ನೀನು ಎಲ್ಲಿ ಕೇಳಿದೆ, ಮಗೂ?” ಎಂದು ವಿಚಾರಿಸಿರಿ. ನಾನು ಅಂದು ಅದೊಂದು ಮಾತನ್ನು ಕೇಳಿದ್ದರೆ, ಮರುದಿನ ಅಜ್ಜನನ್ನೇ ತರಗತಿಗೆ ಕರೆಸಿ ಪದ ಹೇಳಿಸಬಹುದಾಗಿತ್ತು.