ಶುಲ್ಕ ಬಾಕಿಗೆ ಮೇಲ್ಮನವಿ ವಜಾ: ಮುಂದೇನು?

ಪ್ರಶ್ನೆ: ಪಿರಿಯಾಪಟ್ಟಣ ತಾಲ್ಲೂಕಿನ ರೈತ ಮಹಿಳೆ ನಾನು. ಜಮೀನಿನ ದಾವೆ ಸೋತು ಹುಣಸೂರಿನಲ್ಲಿ ಮೇಲ್ಮನವಿ ಹಾಕಿದ್ದೆ. ಬಾಕಿ ಕೋರ್ಟ್ ಶುಲ್ಕ ಗಡುವಿನೊಳಗೆ ಕಟ್ಟಲಾಗಲಿಲ್ಲ, ವಜಾ ಆಯಿತು. ಹೊಗೆಸೊಪ್ಪು ಮಾರಿದ ಹಣ ಈಗ ಕೈಸೇರಿದೆ. ದಾರಿ ಇದೆಯೇ?

ಉತ್ತರ: ದಾರಿ ಇದೆ, ತಡಮಾಡಬೇಡಿ. ಇಂದೇ ಆದೇಶದ ದೃಢೀಕೃತ ನಕಲಿಗೆ ಅರ್ಜಿ ಹಾಕಿ. ಶುಲ್ಕ ಬಾಕಿಗಾಗಿ ತಿರಸ್ಕರಿಸಿದ್ದಾರೋ, ಗೈರುಹಾಜರಿಗಾಗಿ ವಜಾ ಮಾಡಿದ್ದಾರೋ ನೋಡಿ. ಮುಂದಿನ ಹೆಜ್ಜೆ ಅದರ ಮೇಲೆ ನಿಂತಿದೆ.

ಶುಲ್ಕವೇ ಕಾರಣವಾದರೆ, ಅದೇ ನ್ಯಾಯಾಲಯದಲ್ಲಿ ಸಿವಿಲ್ ಪ್ರಕ್ರಿಯಾ ಸಂಹಿತೆಯ 149 ಮತ್ತು 151ನೇ ಕಲಮುಗಳಡಿ ಅರ್ಜಿ ಸಲ್ಲಿಸಿ, ಪೂರ್ತಿ ಶುಲ್ಕ ಕಟ್ಟಲು ಸಿದ್ಧವೆಂದು ತಿಳಿಸಿ. ತಡಕ್ಕೆ ಕಾರಣವನ್ನು ಪ್ರಮಾಣಪತ್ರದಲ್ಲಿ ಬರೆದು, ತಂಬಾಕು ಹರಾಜಿನ ಚೀಟಿ, ಬ್ಯಾಂಕ್ ಪಾಸ್‌ಬುಕ್ ಲಗತ್ತಿಸಿ. ಅನುಮತಿ ಕೊಡುವುದು ನ್ಯಾಯಾಧೀಶರ ವಿವೇಚನೆ. ಕೊಟ್ಟರೆ, ಶುಲ್ಕ ಮೊದಲೇ ಕಟ್ಟಿದಂತೆ ಎಣಿಕೆಯಾಗುತ್ತದೆ. ಗೈರುಹಾಜರಿಯಾದರೆ ಮರುಸ್ಥಾಪನೆ ಅರ್ಜಿಗೆ ವಜಾ ಆದ ದಿನದಿಂದ 30 ದಿನ. ಮೀರಿದ್ದರೆ ವಿಳಂಬ ಮನ್ನಾ ಅರ್ಜಿಯೂ ಬೇಕು.

ಅರ್ಜಿ ಒಪ್ಪದಿದ್ದರೆ ಹೈಕೋರ್ಟಿಗೆ ಹೋಗಬಹುದು. ಎರಡನೇ ಮೇಲ್ಮನವಿಯೋ ಬೇರೆ ಅರ್ಜಿಯೋ ಎಂಬುದನ್ನು ಆದೇಶ ಓದಿದ ವಕೀಲರೇ ಹೇಳಬೇಕು.

ಹಣ ಸಾಲದಿದ್ದರೆ ತಾಲ್ಲೂಕು ಕಾನೂನು ಸೇವಾ ಸಮಿತಿಗೆ ಹೋಗಿ. ಮಹಿಳೆಯರಿಗೆ ಆದಾಯ ಮಿತಿಯಿಲ್ಲದೆ ಉಚಿತ ವಕೀಲರು ಸಿಗುತ್ತಾರೆ, ಕೋರ್ಟ್ ಶುಲ್ಕದ ನೆರವನ್ನೂ ಕೇಳಿ. ಸಹಾಯವಾಣಿ 15100. ಶುಲ್ಕ ಕಟ್ಟುವ ಶಕ್ತಿಯೇ ಇಲ್ಲದವರು ಸಂಹಿತೆಯ 44ನೇ ಆದೇಶದಡಿ ನಿರ್ಗತಿಕರಾಗಿ ಮೇಲ್ಮನವಿಗೆ ಅನುಮತಿ ಕೋರಬಹುದು. ಎದುರಾಳಿ ಜಮೀನು ಮಾರುವ ಸುಳಿವಿದ್ದರೆ ಈ ವಾರವೇ ವಕೀಲರನ್ನು ಕಂಡು ತಡೆಯಾಜ್ಞೆಗೂ ಅರ್ಜಿ ಹಾಕಿಸಿ.